ಬೀಟ್ ಎಲ್ಲರದು, ನಾಬ್ ಅವರವರದು

ನೂರು ವರ್ಷಕ್ಕೂ ಹಿಂದಿನ ಮಾತು. ಚಳಿಗಾಲ ಬಂತೆಂದರೆ ನ್ಯೂಯಾರ್ಕಿನ ಮ್ಯಾಡಿಸನ್ ಸ್ಕ್ವೇರ್ ಗಾರ್ಡನ್‌ನಲ್ಲಿ ಆರು ದಿನಗಳ ಸೈಕಲ್ ರೇಸ್ ನಡೆಯುತ್ತಿತ್ತು. ಸೂರಿನ ಕೆಳಗೆ ಮರದ ಹಲಗೆಯ ಟ್ರ್ಯಾಕ್, ಅದರ ಮೇಲೆ ಹಗಲಿರುಳೆನ್ನದೆ ಸುತ್ತು ಹೊಡೆಯುವ ಸವಾರರು, ನೋಡಲು ಕಿಕ್ಕಿರಿದ ಜನ, ಆ ಜನರ ಬೇಸರ ಕಳೆಯಲು ಒಂದು ಬ್ಯಾಂಡ್. ಲೆನರ್ಡ್ ಅಯರ್ಸ್ ಎಂಬ ಸಂಖ್ಯಾಶಾಸ್ತ್ರಜ್ಞರಿಗೆ ಅಲ್ಲೊಂದು ಕುತೂಹಲ ಹುಟ್ಟಿತು. ಬ್ಯಾಂಡ್ ನುಡಿಯುವಾಗ ಸವಾರರ ವೇಗ ಎಷ್ಟು, ನಿಂತಾಗ ಎಷ್ಟು ಎಂದು ಲೆಕ್ಕ ಹಾಕಿ 1911ರಲ್ಲಿ ಒಂದು ಲೇಖನ ಪ್ರಕಟಿಸಿದರು. ಬ್ಯಾಂಡ್ ನುಡಿಯುತ್ತಿದ್ದಷ್ಟು ಹೊತ್ತು ಸೈಕಲ್ಲುಗಳು ಜೋರಾಗಿ ಓಡುತ್ತಿದ್ದವು. ಬ್ಯಾಂಡಿನವರು ಕೈ ಬಿಟ್ಟರೆ ಸವಾರರ ಕಾಲೂ ನಿಧಾನವಾಗುತ್ತಿತ್ತು.

ಅದಕ್ಕೂ ಮೊದಲು, 1898ರಲ್ಲಿ, ಇಂಡಿಯಾನಾ ವಿಶ್ವವಿದ್ಯಾಲಯದ ನಾರ್ಮನ್ ಟ್ರಿಪ್ಲೆಟ್ ಸೈಕಲ್ ರೇಸುಗಳ ದಾಖಲೆಗಳನ್ನು ಹರವಿಕೊಂಡು ಕೂತಿದ್ದರು. ಒಬ್ಬೊಬ್ಬರೇ ಓಡಿಸಿದಾಗಿನ ವೇಗಕ್ಕಿಂತ ಪಕ್ಕದಲ್ಲಿ ಇನ್ನೊಬ್ಬರಿದ್ದಾಗಿನ ವೇಗ ಹೆಚ್ಚಿರುವುದು ಅವರಿಗೆ ಕಂಡಿತು. ಮಕ್ಕಳ ಕೈಗೆ ಮೀನಿನ ಗಾಳದ ರಾಟೆ ಕೊಟ್ಟು, ಒಂಟಿಯಾಗಿ ಒಮ್ಮೆ, ಜೊತೆಯಲ್ಲಿ ಒಮ್ಮೆ ಸುತ್ತಿಸಿ ಪರೀಕ್ಷಿಸಿದರು. ಸಾಮಾಜಿಕ ಮನೋವಿಜ್ಞಾನದ ಪಠ್ಯಪುಸ್ತಕಗಳು ಇವತ್ತಿಗೂ ಈ ಪ್ರಯೋಗವನ್ನು ಆ ಶಾಸ್ತ್ರದ ಮೊದಲ ಪ್ರಯೋಗಗಳಲ್ಲಿ ಒಂದೆಂದು ಹೇಳುತ್ತವೆ.

ಹಾಡು ಕೇಳಿದರೆ ಕಾಲು ಚುರುಕಾಗುತ್ತದೆ, ಜೊತೆಗಾರರಿದ್ದರೆ ಇನ್ನಷ್ಟು ಚುರುಕಾಗುತ್ತದೆ. ಈ ಎರಡೂ ಸಂಗತಿಗಳು ಸೈಕಲ್ಲಿನ ಮೇಲೆಯೇ ಪತ್ತೆಯಾಗಿದ್ದವು. ಆದರೂ ಅವೆರಡನ್ನು ಒಂದೇ ಕೋಣೆಯೊಳಗೆ ತರಲು ಮನುಷ್ಯರಿಗೆ ಇನ್ನೂ ಎಂಬತ್ತು ವರ್ಷ ಬೇಕಾಯಿತು. ನಿಂತಲ್ಲೇ ತುಳಿಯುವ ಸೈಕಲ್ ಹೊಸದಾಗಿರಲಿಲ್ಲ. 1912ರಲ್ಲಿ ಮುಳುಗಿದ ಟೈಟಾನಿಕ್ ಹಡಗಿನ ವ್ಯಾಯಾಮ ಕೋಣೆಯಲ್ಲೂ ಅದಿತ್ತು. ಮುಂದೆ ಜಿಮ್ಮುಗಳಿಗೆ, ಮನೆಗಳಿಗೆ ಬಂತು. ಜನ ಹತ್ತಿದರು, ಗೋಡೆ ನೋಡುತ್ತಾ ಹತ್ತು ನಿಮಿಷ ತುಳಿದರು, ಇಳಿದರು. ಎಷ್ಟೋ ಮನೆಗಳಲ್ಲಿ ಆ ಸೈಕಲ್ಲಿನ ಮೇಲೆ ಈಗ ಒದ್ದೆ ಟವೆಲ್ ಒಣಗುತ್ತಿದೆ.

ಬದಲಾವಣೆ ತಂದವರು ಜಾನಿ ಗೋಲ್ಡ್‌ಬರ್ಗ್. ದಕ್ಷಿಣ ಆಫ್ರಿಕಾದಲ್ಲಿ ಹುಟ್ಟಿ ಕ್ಯಾಲಿಫೋರ್ನಿಯಾಕ್ಕೆ ಬಂದು, ವ್ಯಾಯಾಮ ಕಲಿಸುತ್ತಾ ಬದುಕು ಕಟ್ಟಿಕೊಂಡ ಮನುಷ್ಯ. ಎಲ್ಲರೂ ಕರೆಯುತ್ತಿದ್ದುದು ಜಾನಿ ಜಿ ಎಂದು. 1980ರ ದಶಕದಲ್ಲಿ ಅವರು ‘ರೇಸ್ ಅಕ್ರಾಸ್ ಅಮೆರಿಕ’ಕ್ಕೆ ತಯಾರಿ ನಡೆಸಿದ್ದರು. ಅದು ಅಮೆರಿಕದ ಪಶ್ಚಿಮ ಕರಾವಳಿಯಿಂದ ಪೂರ್ವ ಕರಾವಳಿಯವರೆಗೆ, ಸುಮಾರು 4,800 ಕಿಲೋಮೀಟರ್ ದೂರವನ್ನು ಕಣ್ಣಿಗೆ ಸರಿಯಾದ ನಿದ್ದೆಯಿಲ್ಲದೆ ತುಳಿಯುವ ಸ್ಪರ್ಧೆ. ರಾತ್ರಿ ಅಭ್ಯಾಸಕ್ಕೆ ಹೋದಾಗ ಕಾರೊಂದು ಇನ್ನೇನು ಬಡಿಯಬೇಕು, ಕೂದಲೆಳೆಯಲ್ಲಿ ಪಾರಾದರು. ಮನೆಯಲ್ಲಿ ಹೆಂಡತಿ ಬಸುರಿ. ರಸ್ತೆಯ ಸಹವಾಸ ಕಡಿಮೆ ಮಾಡಿ, ಗ್ಯಾರೇಜಿನಲ್ಲೇ ತಮ್ಮ ಕೈಯಾರೆ ಒಂದು ಸೈಕಲ್ ಕಟ್ಟಿಕೊಂಡು ತುಳಿಯತೊಡಗಿದರು. ಪಕ್ಕದಲ್ಲಿ ಹಾಡು ಮೊಳಗುತ್ತಿತ್ತು. ಗೆಳೆಯರು ಬಂದರು, ಅವರಿಗೂ ಸೈಕಲ್ ಬೇಕಾಯಿತು. 1989ರಲ್ಲಿ ಜಾನ್ ಬಾಡ್ವಿನ್ ಎಂಬುವರ ಜೊತೆ ಸೇರಿ ಸಾಂಟಾ ಮೋನಿಕಾದಲ್ಲಿ ಮೊದಲ ‘ಸ್ಪಿನ್ನಿಂಗ್’ ಕೇಂದ್ರ ತೆರೆದರು. 1995ರ ಹೊತ್ತಿಗೆ ಶ್ವಿನ್ ಎಂಬ ಹೆಸರಾಂತ ಸೈಕಲ್ ಕಂಪನಿ ಅವರ ವಿನ್ಯಾಸದ ಸೈಕಲ್ಲುಗಳನ್ನು ಮಾರುಕಟ್ಟೆಗೆ ತಂದಿತು. ‘ಸ್ಪಿನ್ನಿಂಗ್’ ಎಂಬ ಹೆಸರು ಅವರು ಕಟ್ಟಿದ ಮ್ಯಾಡ್ ಡಾಗ್ ಅಥ್ಲೆಟಿಕ್ಸ್ ಕಂಪನಿಯ ಟ್ರೇಡ್‌ಮಾರ್ಕ್. ಹಾಗಾಗಿಯೇ ಬೇರೆ ಕಂಪನಿಗಳು ‘ಇಂಡೋರ್ ಸೈಕ್ಲಿಂಗ್’, ‘ಗ್ರೂಪ್ ರೈಡ್’ ಎಂದೆಲ್ಲ ಬರೆದುಕೊಳ್ಳುತ್ತವೆ. ಜನರ ಬಾಯಲ್ಲಿ ಮಾತ್ರ ಎಲ್ಲವೂ ಸ್ಪಿನ್ ಕ್ಲಾಸ್.

ಜಾನಿ ಜಿ ಕಟ್ಟಿದ ಸೈಕಲ್ಲನ್ನು ಸ್ವಲ್ಪ ಹತ್ತಿರದಿಂದ ನೋಡಬೇಕು. ಮುಂದೆ ಸುಮಾರು 13ರಿಂದ 20 ಕಿಲೋ ತೂಕದ ಒಂದು ಫ್ಲೈವೀಲ್. ಪೆಡಲಿಗೂ ಆ ಚಕ್ರಕ್ಕೂ ನೇರ ನಂಟು. ಬೀದಿಯ ಸೈಕಲ್ಲಿನಲ್ಲಿ ಇಳಿಜಾರು ಬಂದಾಗ ಪೆಡಲು ನಿಲ್ಲಿಸಿ ಆರಾಮಾಗಿ ಜಾರಬಹುದು, ಇಲ್ಲಿ ಅದು ನಡೆಯುವುದಿಲ್ಲ. ಚಕ್ರ ತಿರುಗುತ್ತಿರುವಷ್ಟು ಹೊತ್ತು ಪೆಡಲು ತಿರುಗುತ್ತದೆ, ಪೆಡಲಿನೊಂದಿಗೆ ಕಾಲೂ ತಿರುಗುತ್ತದೆ. ಹ್ಯಾಂಡಲ್ಲಿನ ಕೆಳಗೆ ಒಂದು ನಾಬ್. ಬಲಕ್ಕೆ ತಿರುಗಿಸಿದರೆ ಹಳೆಯ ಮಾದರಿಗಳಲ್ಲಿ ಉಣ್ಣೆಯ ಪ್ಯಾಡ್ ಚಕ್ರಕ್ಕೆ ಒತ್ತಿಕೊಳ್ಳುತ್ತದೆ, ಹೊಸವುಗಳಲ್ಲಿ ಅಯಸ್ಕಾಂತ ಹತ್ತಿರ ಸರಿಯುತ್ತದೆ, ತುಳಿಯುವುದು ಭಾರವಾಗುತ್ತದೆ. ಎಡಕ್ಕೆ ತಿರುಗಿಸಿದರೆ ಹಗುರ. ಬಹುತೇಕ ಸೈಕಲ್ಲುಗಳಲ್ಲಿ ಅದೇ ನಾಬನ್ನು ಕೆಳಕ್ಕೆ ಅದುಮಿದರೆ ಬ್ರೇಕು. ಮೊದಲ ಕಾಲದ ಸೈಕಲ್ಲುಗಳಲ್ಲಿ ಪರದೆಯಿಲ್ಲ, ಅಂಕಿಯಿಲ್ಲ, ಎಷ್ಟು ದೂರ ಹೋದೆ ಎಂದು ತೋರಿಸುವ ಮೀಟರಿಲ್ಲ. ಇದ್ದದ್ದು ಹಾಡು, ಎದುರಿಗೊಬ್ಬ ಟ್ರೈನರ್, ಅಕ್ಕಪಕ್ಕ ಬೆವರುವ ಜನ.

ಬೆಂಗಳೂರಿನ ಒಂದು ಸ್ಟುಡಿಯೋದಲ್ಲಿ ಬೆಳಗಿನ ಕ್ಲಾಸ್ ಹೀಗೆ ಶುರುವಾಗುತ್ತದೆ. ಕೋಣೆ ಅರೆಗತ್ತಲು. ಟ್ರೈನರ್ ಹುಡುಗಿ ಕಿವಿಗೆ ಮೈಕ್ ಸಿಕ್ಕಿಸಿಕೊಂಡು ಸಾಲುಗಳ ನಡುವೆ ಓಡಾಡುತ್ತಾಳೆ. ಹೊಸಬರೊಬ್ಬರನ್ನು ಸೈಕಲ್ಲಿನ ಪಕ್ಕ ನಿಲ್ಲಿಸಿ, ಸೀಟನ್ನು ಅವರ ಸೊಂಟದ ಮೂಳೆಯ ಮಟ್ಟಕ್ಕೆ ಎತ್ತಿ ಪಿನ್ ಬಿಗಿಯುತ್ತಾಳೆ. ಹತ್ತಿಸಿ ಕೂರಿಸಿ, ಪೆಡಲು ತೀರಾ ಕೆಳಗಿದ್ದಾಗ ಮಂಡಿ ಸ್ವಲ್ಪವೇ ಬಾಗಿರಬೇಕು ಎಂದು ಕೈಯಿಂದ ಮುಟ್ಟಿ ತೋರಿಸುತ್ತಾಳೆ. “ಮೇಡಂ, ಇವತ್ತು ಮೊದಲನೇ ದಿನ ಅಲ್ವಾ? ನಾನು ನಾಬ್ ತಿರುಗಿಸಿ ಅಂದಾಗೆಲ್ಲ ತಿರುಗಿಸ್ಬೇಡಿ. ಬೀಟ್ ಹಿಡ್ಕೊಳ್ಳಿ, ಸಾಕು. ಸುಸ್ತಾದ್ರೆ ಕೂತ್ಕೊಂಡೇ ತುಳೀರಿ, ಯಾರೂ ಏನೂ ಅನ್ಕೊಳಲ್ಲ.” ಆಮೇಲೆ ವೇದಿಕೆ ಹತ್ತಿ ತನ್ನ ಸೈಕಲ್ ಏರುತ್ತಾಳೆ. ಮೊದಲ ಹಾಡು ಸಣ್ಣ ದನಿಯಲ್ಲಿ ತೆರೆದುಕೊಳ್ಳುತ್ತದೆ.

ಹೊರಗಿನವರಿಗೆ ಇದು ಡಿಸ್ಕೋದಲ್ಲಿ ಸೈಕಲ್ ಇಟ್ಟಂತೆ ಕಂಡೀತು. ಒಳಗೆ ನಡೆಯುವುದು ಮಾತ್ರ ಪಕ್ಕಾ ಗಣಿತ. ನಿಮಿಷಕ್ಕೆ 130 ಬೀಟ್ ಇರುವ ಹಾಡಿಗೆ ಒಂದು ಬೀಟಿಗೆ ಬಲಗಾಲು, ಮುಂದಿನ ಬೀಟಿಗೆ ಎಡಗಾಲು ಇಳಿಸಿದರೆ ಪೆಡಲು ನಿಮಿಷಕ್ಕೆ 65 ಸುತ್ತು ತಿರುಗುತ್ತದೆ. ಗುಡ್ಡ ಹತ್ತುವ ಭಾರದ ತುಳಿತಕ್ಕೆ ಅದು ಸರಿಯಾದ ಗತಿ. ಸಮತಟ್ಟು ರಸ್ತೆಯ ವೇಗ ಬೇಕು, ಅಂದರೆ 90 ಸುತ್ತು ಬೇಕು ಎಂದಾಗ ಇದೇ ಲೆಕ್ಕದಲ್ಲಿ 180 ಬೀಟಿನ ಹಾಡು ಹುಡುಕಬೇಕಾಗುತ್ತದೆ. ಅಂಥವು ಅಪರೂಪ, ಇದ್ದರೂ ಕಿವಿಗೆ ಗಲಾಟೆ. ಅದಕ್ಕೆ 90 ಬೀಟಿನ ಹಾಡು ಆರಿಸಿ, ಪ್ರತಿ ಬೀಟಿಗೂ ಒಂದೇ ಕಾಲು ಕೆಳಗಿಳಿಯುವಂತೆ ಮಾಡುತ್ತಾರೆ. ಸ್ಪಿನ್ನಿಂಗ್ ಪದ್ಧತಿಯಲ್ಲಿ ಸಮತಟ್ಟಿಗೆ ನಿಮಿಷಕ್ಕೆ 80ರಿಂದ 110 ಸುತ್ತು, ಏರಿಗೆ 60ರಿಂದ 80 ಸುತ್ತು ಎಂಬ ಮಿತಿಯಿದೆ. ಒಳ್ಳೆಯ ಟ್ರೈನರ್ ಈ ಮಿತಿಯೊಳಗೇ ತನ್ನ ಹಾಡುಗಳನ್ನು ಜೋಡಿಸುತ್ತಾಳೆ.

45 ನಿಮಿಷಕ್ಕೆ ಹನ್ನೊಂದು ಹನ್ನೆರಡು ಹಾಡು ಹಿಡಿಸುತ್ತವೆ. ಅವನ್ನು ಪೋಣಿಸುವುದು ಒಂದು ಕಸುಬು. ಮೈ ಬಿಸಿಯಾಗಲು ಎರಡು, ನಂತರ ಒಂದು ಸಮತಟ್ಟು, ಅದರ ಬೆನ್ನಿಗೆ ಏರು. ಏರಿನ ಹಾಡಿನಲ್ಲಿ ಡ್ರಮ್ಮಿನ ಭಾರ ಇರಬೇಕು, ಅವಸರ ಇರಬಾರದು. ಪಲ್ಲವಿ ಬರುವ ಕ್ಷಣಕ್ಕೆ ಸೀಟಿನಿಂದ ಮೇಲೆದ್ದು ನಿಲ್ಲಬೇಕು, ಚರಣಕ್ಕೆ ಕೂರಬೇಕು. ಸ್ಪ್ರಿಂಟಿಗೆ ಮೂವತ್ತು ಸೆಕೆಂಡು ಸಾಕು, ಆದರೆ ಆ ಮೂವತ್ತು ಸೆಕೆಂಡು ಹಾಡು ಉಕ್ಕುವ ಜಾಗದಲ್ಲೇ ಬೀಳಬೇಕು. ಟ್ರೈನರ್ “ಎಂಟು, ಏಳು, ಆರು...” ಎಂದು ಇಳಿಸುತ್ತಾ ಬಂದು ಸೊನ್ನೆಗೆ ಮುಟ್ಟುವಾಗ ಡ್ರಮ್ಮು ಬೀಳದಿದ್ದರೆ ಇಡೀ ಕೋಣೆಯ ಹುರುಪು ಸೋರಿಹೋಗುತ್ತದೆ. ತಮಟೆಯ ಪೆಟ್ಟಿರುವ ಕನ್ನಡ ಸಿನಿಮಾ ಹಾಡುಗಳು ಇದಕ್ಕೆ ಎಷ್ಟು ಚೆನ್ನಾಗಿ ಒಗ್ಗುತ್ತವೆ ಎಂಬುದನ್ನು ನೋಡಿಯೇ ನಂಬಬೇಕು. ಕೊನೆಯ ಏರಿಗೆ ಅಂಥದೊಂದು ಬಂದರೆ, ಅಲ್ಲಿಯವರೆಗೆ ಹಲ್ಲು ಕಚ್ಚಿ ತುಳಿಯುತ್ತಿದ್ದವರು ಹಾಡತೊಡಗುತ್ತಾರೆ. ಇಂಗ್ಲಿಷ್ ಹಾಡುಗಳನ್ನಷ್ಟೇ ಹಾಕುವ ನಮ್ಮ ಸ್ಟುಡಿಯೋಗಳು ಈ ಸಂಪತ್ತನ್ನು ಇನ್ನೂ ಸರಿಯಾಗಿ ಮುಟ್ಟಿಲ್ಲ.

ನ್ಯೂಜಿಲೆಂಡಿನ ಲೆಸ್ ಮಿಲ್ಸ್ ಸಂಸ್ಥೆ ಈ ಕಸುಬನ್ನು ಬೇರೆಯೇ ದಾರಿಗೆ ಒಯ್ಯಿತು. ಅವರ ‘ಆರ್‌ಪಿಎಂ’ ಕ್ಲಾಸಿನಲ್ಲಿ ಹಾಡು ಯಾವುದು, ಯಾವ ಸಾಲಿಗೆ ಏಳಬೇಕು, ಯಾವ ಸಾಲಿಗೆ ಕೂರಬೇಕು ಎಲ್ಲವೂ ಮೊದಲೇ ಗೊತ್ತುಮಾಡಿ, ಮೂರು ತಿಂಗಳಿಗೊಮ್ಮೆ ಹೊಸ ಸಂಚಿಕೆಯಾಗಿ ಲೋಕದ ಟ್ರೈನರುಗಳಿಗೆಲ್ಲ ತಲುಪುತ್ತದೆ. ಗುಣಮಟ್ಟ ಎಲ್ಲ ಕಡೆಯೂ ಒಂದೇ ಆಗಿರುತ್ತದೆ, ನಿಜ. ಎದುರಿಗೆ ಕೂತವರ ಮುಖ ನೋಡಿ ಮುಂದಿನ ಹಾಡು ಬದಲಿಸುವ ಟ್ರೈನರೇ ನನಗೆ ಹೆಚ್ಚು ಇಷ್ಟ.

ಇನ್ನು, ಹಾಡು ದೇಹಕ್ಕೆ ಏನು ಮಾಡುತ್ತದೆ? ಲಂಡನ್ನಿನ ಬ್ರೂನೆಲ್ ವಿಶ್ವವಿದ್ಯಾಲಯದ ಕೋಸ್ಟಾಸ್ ಕರಗಿಯೋರ್ಗಿಸ್ ಇದನ್ನೇ ದಶಕಗಳ ಕಾಲ ಅಧ್ಯಯನ ಮಾಡಿದವರು. ನಮ್ಮ ಗಮನಕ್ಕೆ ಒಂದು ಮಿತಿಯಿದೆ. ಸುಸ್ತಾಗುತ್ತಿದೆ, ತೊಡೆ ಉರಿಯುತ್ತಿದೆ ಎಂಬ ಸುದ್ದಿಯನ್ನು ದೇಹ ಮೆದುಳಿಗೆ ಕಳುಹಿಸುತ್ತಲೇ ಇರುತ್ತದೆ. ಅದೇ ಹೊತ್ತಿಗೆ ಹಾಡು ಗಮನ ಸೆಳೆದರೆ ದೇಹದ ಸುದ್ದಿಗೆ ಜಾಗ ಕಡಿಮೆಯಾಗುತ್ತದೆ. ಅಷ್ಟೇ ಕೆಲಸ, ಆದರೆ ಕಡಿಮೆ ಕಷ್ಟವೆನಿಸುತ್ತದೆ. ಶ್ರಮ ಹದವಾಗಿದ್ದಾಗ ಮಾತ್ರ ಈ ಮಾತು ನಿಜ. ಏದುಸಿರು ಬರುವಷ್ಟು ಜೋರಾದರೆ ದೇಹದ ಕೂಗೇ ಗೆಲ್ಲುತ್ತದೆ. ಆಗ ಕಷ್ಟ ಕಡಿಮೆಯಾಗದಿದ್ದರೂ ಹಾಡಿನಿಂದ ಮನಸ್ಸು ಮುದುಡದೆ ಉಳಿಯುತ್ತದೆ ಎನ್ನುತ್ತವೆ ಈ ಅಧ್ಯಯನಗಳು. ವ್ಯಾಯಾಮಕ್ಕೆ ಒಗ್ಗುವ ಗತಿ ನಿಮಿಷಕ್ಕೆ ಸುಮಾರು 120ರಿಂದ 140 ಬೀಟ್. ಅದನ್ನು ಮೀರಿ ಏರಿಸಿದರೆ ಹೆಚ್ಚಿನ ಲಾಭವಿಲ್ಲ.

ಗತಿಗೆ ಸರಿಯಾಗಿ ಕಾಲು ಬೀಳುವುದರಲ್ಲೇ ಒಂದು ಉಳಿತಾಯವಿದೆ. 2012ರಲ್ಲಿ ಪ್ರಕಟವಾದ ಒಂದು ಸಣ್ಣ ಪ್ರಯೋಗದಲ್ಲಿ ಸವಾರರು ನಿಮಿಷಕ್ಕೆ 65 ಸುತ್ತು ತುಳಿದರು. ಒಮ್ಮೆ ಸರಿಯಾಗಿ 130 ಬೀಟಿನ ಸಂಗೀತ, ಇನ್ನೊಮ್ಮೆ ತುಸು ನಿಧಾನದ 123 ಬೀಟು. ಕಾಲಿಗೂ ಬೀಟಿಗೂ ತಾಳ ಕೂಡಿದಾಗ ದೇಹ ಬಳಸಿದ ಆಮ್ಲಜನಕ ಸುಮಾರು ಶೇ 7ರಷ್ಟು ಕಡಿಮೆಯಿತ್ತು. ತಾಳ ಗೊತ್ತಿದ್ದರೆ ಕಾಲು ತಡವರಿಸುವುದಿಲ್ಲ, ತಡವರಿಸದಿದ್ದರೆ ಶಕ್ತಿ ಪೋಲಾಗುವುದಿಲ್ಲ. ಇಥಿಯೋಪಿಯಾದ ಹೈಲೆ ಗೆಬ್ರೆಸೆಲಾಸಿ 1998ರಲ್ಲಿ ಬರ್ಮಿಂಗ್‌ಹ್ಯಾಮ್‌ನ ಒಳಾಂಗಣದಲ್ಲಿ 2,000 ಮೀಟರ್ ವಿಶ್ವದಾಖಲೆ ಬರೆದಾಗ ಧ್ವನಿವರ್ಧಕಗಳಲ್ಲಿ ಮೊಳಗುತ್ತಿದ್ದದ್ದು ‘ಸ್ಕ್ಯಾಟ್‌ಮನ್’ ಹಾಡು. ಹೆಜ್ಜೆಯನ್ನು ಅದರ ಗತಿಗೆ ಕೂಡಿಸಿಕೊಂಡೇ ಅವರು ಓಡಿದ್ದರು.

ಜೊತೆಯ ಬಲದ ಬಗ್ಗೆ ಆಕ್ಸ್‌ಫರ್ಡ್ ವಿಶ್ವವಿದ್ಯಾಲಯದ ಪ್ರಯೋಗವೊಂದು ನನ್ನ ಮನಸ್ಸಿನಲ್ಲಿ ಕೂತುಬಿಟ್ಟಿದೆ. ಅಲ್ಲಿನ ಹನ್ನೆರಡು ಮಂದಿ ದೋಣಿ ಸ್ಪರ್ಧಿಗಳು ಹುಟ್ಟು ಹಾಕುವ ಯಂತ್ರದ ಮೇಲೆ 45 ನಿಮಿಷ ಬೆವರಿಳಿಸಿದರು. ಒಂದು ಸಲ ಒಬ್ಬೊಬ್ಬರೇ, ಇನ್ನೊಂದು ಸಲ ತಂಡವಾಗಿ, ಒಂದೇ ಲಯದಲ್ಲಿ. ಮುಗಿದ ಕೂಡಲೇ ರಕ್ತದೊತ್ತಡ ಅಳೆಯುವ ಪಟ್ಟಿಯನ್ನು ತೋಳಿಗೆ ಸುತ್ತಿ ಗಾಳಿ ತುಂಬಿ, ನೋವು ಎಷ್ಟರವರೆಗೆ ತಡೆಯುತ್ತಾರೆ ಎಂದು ನೋಡಿದರು. ಶ್ರಮ ಅಷ್ಟೇ ಇದ್ದರೂ ತಂಡವಾಗಿ ಹುಟ್ಟು ಹಾಕಿದ ದಿನ ನೋವು ತಡೆಯುವ ಶಕ್ತಿ ಹೆಚ್ಚಿತ್ತು. ಒಟ್ಟಾಗಿ, ಒಂದೇ ಲಯದಲ್ಲಿ ದುಡಿದಾಗ ಮೆದುಳು ಎಂಡಾರ್ಫಿನ್ ಎಂಬ ನೋವು ಮರೆಸುವ ರಾಸಾಯನಿಕವನ್ನು ಹೆಚ್ಚು ಸುರಿಸುತ್ತದೆ ಎಂಬುದು ಸಂಶೋಧಕರ ವಿವರಣೆ.

ಉತ್ತರ ಕರ್ನಾಟಕದ ರೈತರಿಗೆ ಇದನ್ನು ಯಾರೂ ಹೇಳಿಕೊಡಬೇಕಿರಲಿಲ್ಲ. ಸುಗ್ಗಿಯ ರಾತ್ರಿಗಳಲ್ಲಿ ಕಣದ ನಡುವಿನ ಮೇಟಿಯ ಸುತ್ತ ಎತ್ತುಗಳನ್ನು ಕಟ್ಟಿ ಹಂತಿ ಹೊಡೆಯುವಾಗ, ಒಬ್ಬ ಹಂತಿಯ ಪದ ಎತ್ತಿಕೊಟ್ಟರೆ ಉಳಿದವರು ದನಿಗೂಡಿಸುತ್ತಿದ್ದರು. ಎತ್ತಿನ ನಡೆ, ಮನುಷ್ಯನ ನಡೆ, ಪದದ ನಡೆ ಮೂರೂ ಒಂದೇ ಆಗಿ ಬೆಳಗಾಗುತ್ತಿತ್ತು. ಹವಾನಿಯಂತ್ರಿತ ಕೋಣೆಯೊಳಗೆ ಒಂದೇ ಬೀಟಿಗೆ ಬೀಳುವ ಮೂವತ್ತು ಜೊತೆ ಕಾಲುಗಳನ್ನು ಕಂಡಾಗ ನನಗೆ ನೆನಪಾಗುವುದು ಆ ಕಣ.

ಸ್ಪಿನ್ ಕ್ಲಾಸಿನ ಏರ್ಪಾಡಿನಲ್ಲಿ ಇನ್ನೊಂದು ಗುಣವಿದೆ. ಈ ವ್ಯಾಯಾಮದ ಅತಿ ದೊಡ್ಡ ಗುಣ ಅದೇ ಎಂದು ನಾನು ನಂಬಿದ್ದೇನೆ. ರಸ್ತೆಯ ಮೇಲೆ ಗುಂಪಾಗಿ ಸೈಕಲ್ ಓಡಿಸಿದವರಿಗೆ ಗೊತ್ತು, ಬಲವಿದ್ದವರು ಮುಂದೆ ಹೋಗುತ್ತಾರೆ, ಇಲ್ಲದವರು ಹಿಂದೆ ಬೀಳುತ್ತಾರೆ, ನಂದಿ ಬೆಟ್ಟದ ಮೊದಲ ತಿರುವಿನಲ್ಲೇ ಗುಂಪು ಚದುರುತ್ತದೆ. ಸ್ಪಿನ್ ಕ್ಲಾಸಿನಲ್ಲಿ ಬೀಟ್ ಎಲ್ಲರಿಗೂ ಒಂದೇ, ನಾಬ್ ಅವರವರ ಕೈಯಲ್ಲಿ. ಇಪ್ಪತ್ತೈದರ ಹುಡುಗ ಎದೆಯುಬ್ಬಸ ಬರುವಷ್ಟು ಭಾರ ಹಾಕಿಕೊಂಡಿರಬಹುದು, ಪಕ್ಕದಲ್ಲಿ ಅರವತ್ತೈದರ ಅಜ್ಜಿ ಹಗುರವಾಗಿ ತುಳಿಯುತ್ತಿರಬಹುದು. ಇಬ್ಬರ ಕಾಲುಗಳೂ ಒಟ್ಟಿಗೆ ಕೆಳಗಿಳಿಯುತ್ತವೆ, ಒಟ್ಟಿಗೆ ಮೇಲೇಳುತ್ತವೆ. ಯಾರು ಎಷ್ಟು ಭಾರ ಎತ್ತುತ್ತಿದ್ದಾರೆ ಎಂದು ಯಾರಿಗೂ ತಿಳಿಯದು. ದಪ್ಪಗಿದ್ದೇನೆ, ನಿಧಾನ ಇದ್ದೇನೆ, ಜನ ನೋಡುತ್ತಾರೆ ಎಂಬ ಸಂಕೋಚದಲ್ಲಿ ಮೈದಾನಕ್ಕೆ ಕಾಲಿಡದ ಎಷ್ಟೋ ಹೆಣ್ಣುಮಕ್ಕಳಿಗೆ ಈ ಅರೆಗತ್ತಲು ಬೆನ್ನು ತಟ್ಟಿದೆ. ಹೆಜ್ಜೆ ಊರುವ ಪೆಟ್ಟು ಇಲ್ಲದಿರುವುದರಿಂದ ಓಟಕ್ಕಿಂತ ಮಂಡಿಗೂ ಹಿತ.

ಈ ಸುಖವನ್ನು ಮಾರುವುದು ಹೇಗೆಂದು ಮೊದಲು ಕಂಡುಕೊಂಡದ್ದು ಸೋಲ್‌ಸೈಕಲ್. ಎಲಿಜಬೆತ್ ಕಟ್ಲರ್, ಜೂಲಿ ರೈಸ್ ಮತ್ತು ರೂತ್ ಜುಕರ್‌ಮನ್ 2006ರಲ್ಲಿ ನ್ಯೂಯಾರ್ಕಿನ ಮ್ಯಾನ್‌ಹಟನ್‌ನಲ್ಲಿ ಅದನ್ನು ತೆರೆದರು. ಕತ್ತಲೆ, ಮೇಣದಬತ್ತಿ, 45 ನಿಮಿಷ, ಟ್ರೈನರೇ ತಾರೆ. ಮುಂದೆ 2012ರಲ್ಲಿ ಹುಟ್ಟಿದ ಪೆಲೋಟಾನ್ ಆ ಕೋಣೆಯನ್ನು ಪರದೆಯೊಳಗೆ ಇಳಿಸಿ ಮನೆಮನೆಗೆ ಕಳುಹಿಸಿತು. ಸೈಕಲ್ಲಿಗೆ ಅಂಟಿಕೊಂಡ ಪರದೆಯಲ್ಲಿ ನೇರ ಕ್ಲಾಸ್, ಬದಿಯಲ್ಲಿ ಬೇರೆ ಊರುಗಳಲ್ಲಿ ತುಳಿಯುತ್ತಿರುವವರ ಪಟ್ಟಿ. ಹಾಡಿಲ್ಲದೆ ಆ ವ್ಯಾಪಾರ ಒಂದು ದಿನವೂ ನಡೆಯದು ಎಂಬುದು 2019ರಲ್ಲಿ ಬಯಲಾಯಿತು. ಸಾವಿರಕ್ಕೂ ಹೆಚ್ಚು ಹಾಡುಗಳನ್ನು ಸರಿಯಾದ ಪರವಾನಗಿಯಿಲ್ಲದೆ ಬಳಸಿದ್ದೀರಿ ಎಂದು ಸಂಗೀತ ಪ್ರಕಾಶಕರು ಕೋರ್ಟಿಗೆ ಹೋದರು. 2020ರ ಫೆಬ್ರುವರಿಯಲ್ಲಿ ರಾಜಿಯಾಯಿತು. ಕೊರೊನಾ ಕಾಲದಲ್ಲಿ ಮುಗಿಬಿದ್ದು ಕೊಂಡ ಜನ, ಬಾಗಿಲು ತೆರೆದ ಮೇಲೆ ಹೊರಗೆ ನಡೆದರು. 2022ರ ಫೆಬ್ರುವರಿಯಲ್ಲಿ ಕಂಪನಿ ಸುಮಾರು 2,800 ಮಂದಿಯ ಕೆಲಸ ತೆಗೆಯಿತು. ಅದೇ ವರ್ಷ ಸೋಲ್‌ಸೈಕಲ್ ಕೂಡ ತನ್ನ ಸುಮಾರು ಕಾಲು ಭಾಗ ಸ್ಟುಡಿಯೋಗಳನ್ನು ಮುಚ್ಚಿತು. ಪರದೆಯ ಮೇಲಿನ ಹೆಸರುಗಳಿಂದ ಪಕ್ಕದವರ ಏದುಸಿರಿನ ಜಾಗ ತುಂಬದು ಎಂಬುದು ನನ್ನ ಅಭಿಪ್ರಾಯ. ಮನೆ ಬಿಟ್ಟು ಬರಲಾಗದ ತಾಯಂದಿರಿಗೆ ಅದೇ ಆಸರೆಯಾಗಿರುವುದೂ ಸತ್ಯ.

ನಮ್ಮಲ್ಲಿ ಗುಂಪು ವ್ಯಾಯಾಮದ ರೂಢಿ ಹರಡಿದ್ದರಲ್ಲಿ 2016ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದ ಕಲ್ಟ್‌ಫಿಟ್‌ನಂಥ ಸಂಸ್ಥೆಗಳ ಪಾತ್ರ ದೊಡ್ಡದು. ಜಿಮ್ಮಿನಲ್ಲಿ ಹಾಡು ಹಾಕುವುದಕ್ಕೆ ನಮ್ಮ 1957ರ ಕೃತಿಸ್ವಾಮ್ಯ ಕಾಯ್ದೆಯಡಿ ಪರವಾನಗಿ ಬೇಕು ಎಂಬುದನ್ನು ಇಲ್ಲೇ ಹೇಳಿಬಿಡಬೇಕು. 2012ರ ತಿದ್ದುಪಡಿಯ ಮೇಲೆ ಹಾಡು ಬರೆದವರಿಗೂ ರಾಗ ಹಾಕಿದವರಿಗೂ ರಾಯಲ್ಟಿಯಲ್ಲಿ ಪಾಲಿದೆ. ನಮ್ಮ ಬೆವರಿಗೆ ಲಯ ಕೊಟ್ಟ ಕವಿಗೆ ಅವನ ಪಾಲು ಸಲ್ಲಲೇಬೇಕು.

ಈಗ ಕಷ್ಟದ ಮಾತು. ಹಾಡು ದಣಿವನ್ನು ಮರೆಸುತ್ತದೆ ಎಂದೆ. ದೇಹ ಕೊಡುವ ಎಚ್ಚರಿಕೆಯನ್ನೂ ಅದು ಮರೆಸುತ್ತದೆ. ಮೊದಲ ದಿನವೇ ಅಕ್ಕಪಕ್ಕದವರ ಹುರುಪಿಗೆ ಸಿಕ್ಕಿ, ಭಾರ ಏರಿಸಿಕೊಂಡು ಕೊನೆಯವರೆಗೂ ತುಳಿದವರಲ್ಲಿ ಕೆಲವರು ಆಸ್ಪತ್ರೆ ಸೇರಿದ್ದಾರೆ. ಕಾಯಿಲೆಯ ಹೆಸರು ರಾಬ್ಡೊಮಯೊಲಿಸಿಸ್. ಒಗ್ಗದ ಶ್ರಮಕ್ಕೆ ತೊಡೆಯ ಸ್ನಾಯುಗಳು ಒಡೆದು, ಒಳಗಿನ ಮಯೊಗ್ಲೋಬಿನ್ ರಕ್ತಕ್ಕೆ ಸೇರಿ, ಮೂತ್ರಪಿಂಡಕ್ಕೆ ಪೆಟ್ಟು ಕೊಡುತ್ತದೆ. 2017ರಲ್ಲಿ ಅಮೆರಿಕನ್ ಜರ್ನಲ್ ಆಫ್ ಮೆಡಿಸಿನ್‌ನಲ್ಲಿ ಸ್ಪಿನ್ ಕ್ಲಾಸಿನಿಂದಲೇ ಹೀಗಾದವರ ಪ್ರಕರಣಗಳನ್ನು ವೈದ್ಯರು ವಿವರಿಸಿದ್ದಾರೆ. ಬೇರೆ ಆಟಗಳಲ್ಲಿ ಗಟ್ಟಿಗರಾದವರೂ ಇದಕ್ಕೆ ಹೊರತಲ್ಲ. ನಿಲ್ಲದೆ ತಿರುಗುವ ಫ್ಲೈವೀಲ್, ದೇಹದ ಅತಿ ದೊಡ್ಡ ಸ್ನಾಯುಗಳು, ಮೈಮರೆಸುವ ಹಾಡು ಮೂರೂ ಸೇರಿದರೆ ಮೊದಲ ದಿನವೇ ಅತಿಯಾಗುವುದು ಸುಲಭ.

ಸದ್ದಿನ ಮಾತೂ ಇದೆ. ದಿನಕ್ಕೆ ಎಂಟು ಗಂಟೆ ಕೇಳಲು 85 ಡೆಸಿಬಲ್ ಮಿತಿ ಎನ್ನುತ್ತದೆ ಕೆಲಸದ ಜಾಗದ ಆರೋಗ್ಯ, ಸುರಕ್ಷತೆ ನೋಡುವ ಅಮೆರಿಕದ ನಿಯೋಶ್ ಸಂಸ್ಥೆ. ಪ್ರತಿ 3 ಡೆಸಿಬಲ್ ಏರಿದಂತೆ ಸುರಕ್ಷಿತ ಸಮಯ ಅರ್ಧಕ್ಕಿಳಿಯುತ್ತದೆ. 100 ಡೆಸಿಬಲ್ ಆದರೆ ಹದಿನೈದೇ ನಿಮಿಷ. ಮುಚ್ಚಿದ ಕೋಣೆಯ ಸ್ಪಿನ್ ಕ್ಲಾಸ್ ಆ ಮಟ್ಟ ಮುಟ್ಟುವುದು ಕಷ್ಟವೇನಲ್ಲ. ನಾವು ವಾರಕ್ಕೆ ಮೂರು ದಿನ ಹೋಗಿ ಬರುವವರು. ದಿನಕ್ಕೆ ಮೂರು ನಾಲ್ಕು ಕ್ಲಾಸ್ ಮಾಡುವ ಟ್ರೈನರ್ ಹುಡುಗ ಹುಡುಗಿಯರ ಕಿವಿಯ ಗತಿಯೇನು, ಹಾಡಿನ ಮೇಲೆ ಕೂಗಿ ಕೂಗಿ ಸವೆಯುವ ಅವರ ಗಂಟಲಿನ ಗತಿಯೇನು? ಬೀಟ್ ಕಾಲಿಗೆ ಸಿಗಲು ಅಷ್ಟು ಜೋರು ಬೇಕಾಗಿಯೇ ಇಲ್ಲ. ಸ್ಟುಡಿಯೋ ನಡೆಸುವವರು ಫೋನಿನಲ್ಲೇ ಸಿಗುವ ಡೆಸಿಬಲ್ ಮೀಟರ್ ಒಮ್ಮೆ ನೋಡಲಿ, ಬಾಗಿಲಲ್ಲಿ ಇಯರ್‌ಪ್ಲಗ್ ಇಡಲಿ. ಹೊಸಬರಿಗೆ ಮೊದಲ ಎರಡು ಕ್ಲಾಸಿನಲ್ಲಿ ಅರ್ಧದಲ್ಲೇ ಇಳಿದು ಹೋಗಲು ಮುಕ್ತ ಅವಕಾಶವಿದೆ ಎಂದು ಎಲ್ಲರ ಎದುರು, ಮೈಕಿನಲ್ಲೇ ಹೇಳಲಿ.

ಓದುಗರಲ್ಲಿ ಯಾರಾದರೂ ನಾಳೆ ಮೊದಲ ಸಲ ಹೋಗುವವರಿದ್ದರೆ, ಖಂಡಿತ ಹೋಗಿ. ಹೃದಯದ ತೊಂದರೆ, ರಕ್ತದೊತ್ತಡ ಇದ್ದರೆ ಮೊದಲು ವೈದ್ಯರನ್ನು ಕೇಳಿ. ಹತ್ತು ನಿಮಿಷ ಮುಂಚೆ ತಲುಪಿ, ಹೊಸಬರು ಎಂದು ಹೇಳಿ, ಸೀಟಿನ ಎತ್ತರ ಸರಿ ಮಾಡಿಸಿಕೊಳ್ಳಿ, ಬ್ರೇಕ್ ಎಲ್ಲಿದೆ ಎಂದು ಅದುಮಿ ನೋಡಿ. ನೀರು ಕುಡಿಯುತ್ತಿರಿ. ಮೊದಲ ಎರಡು ಮೂರು ಕ್ಲಾಸುಗಳಲ್ಲಿ ನಾಬ್ ಹಗುರವಾಗಿಯೇ ಇರಲಿ. ಒಂದೆರಡು ದಿನಗಳ ನಂತರ ತೊಡೆ ಊದಿ, ಮೆಟ್ಟಿಲು ಹತ್ತಲಾಗದಷ್ಟು ನೋವಾಗಿ, ಮೂತ್ರ ಕೋಲಾದಂತೆ ಕಂದಾದರೆ ಮನೆಮದ್ದು ಮಾಡುತ್ತಾ ಕೂರಬೇಡಿ. ಅದೇ ದಿನ ಆಸ್ಪತ್ರೆಗೆ ಹೋಗಿ, ಸ್ಪಿನ್ ಕ್ಲಾಸ್ ಮಾಡಿದ್ದನ್ನು ವೈದ್ಯರಿಗೆ ತಪ್ಪದೆ ತಿಳಿಸಿ. ಕ್ರಿಯಾಟಿನ್ ಕೈನೇಸ್ ಎಂಬ ರಕ್ತಪರೀಕ್ಷೆಯಲ್ಲಿ ವಿಷಯ ಗೊತ್ತಾಗುತ್ತದೆ, ಬೇಗ ಗೊತ್ತಾದರೆ ಚಿಕಿತ್ಸೆಯಿಂದ ಮೂತ್ರಪಿಂಡವನ್ನು ಉಳಿಸಿಕೊಳ್ಳಬಹುದು.